ಅಕ್ಕಲಕೋಟ ರಸ್ತೆಯ ರಾತ್ರಿಗಳನ್ನು ನೋಡಿದವರು

ಸೊಲ್ಲಾಪುರದ ಬೀದಿಯ ರಾತ್ರಿಬದುಕನ್ನು, ಯಾರಿಗೂ ಹೀಗೆ ನಿಲ್ಲಿ, ಹಾಗೆ ನಗಿ ಎನ್ನದೆ, ಸುಮ್ಮನೆ ನಿಂತು ಚಿತ್ರಿಸಿದ ಸಾಕ್ಷ್ಯಚಿತ್ರಕಾರರಲ್ಲಿ ನಮ್ಮ ಗುರುಗಳಾದ ಶ್ರೀ ಉದಯಕುಮಾರ ಅವರದು ಮೊದಲು ನೆನೆಯಬೇಕಾದ ಹೆಸರು. ಕಾಲೇಜಿನ ಮಾಧ್ಯಮ ವಿಭಾಗದಿಂದ ಅವರು ಈ ವರ್ಷ ನಿವೃತ್ತರಾಗುತ್ತಿದ್ದಾರೆ. ಅವರ ಶಿಷ್ಯೆಯಾಗಿ, ಆಮೇಲೆ ಅವರ ಚಿತ್ರಗಳ ಸಂಕಲನಕಾರಳಾಗಿ ದುಡಿದ ನನಗೆ ಸಂತೋಷಕ್ಕಿಂತ ದಣಿವೇ ಹೆಚ್ಚಾಗಿದೆ. ಅಭಿನಂದನ ಗ್ರಂಥದಲ್ಲಿ ಇದನ್ನು ಹೇಳಬಾರದೇನೋ, ಹೇಳಿಬಿಟ್ಟೆ.

ಕುರನೂರಿನ ನನ್ನ ಮನೆಯವರು ರಾತ್ರಿ ಚಿತ್ರೀಕರಣಕ್ಕೆ ಒಪ್ಪದಿದ್ದಾಗ, ತಮ್ಮ ಪತ್ನಿಯನ್ನೇ ಕರೆತಂದು ನನ್ನ ಪಕ್ಕ ಕೂಡಿಸಿದವರು ಅವರು. ಎಂಐಡಿಸಿ ಕೈಗಾರಿಕಾ ಪ್ರದೇಶದಲ್ಲಿ ಪಾಳಿ ಮುಗಿಸಿದ ಮಗ್ಗದವರು ಉಣ್ಣುವ ಗಾಡಿಗಳ ಸಾಲಿನಲ್ಲಿ ಹಲವು ಚಳಿಗಾಲ ಕ್ಯಾಮೆರಾ ಹಿಡಿದು ನಿಂತರು. ಚಿತ್ರವನ್ನು ಹೊರಗೆ ಕಳಿಸುವ ಮೊದಲು ಅದೇ ರಸ್ತೆಯಲ್ಲಿ ಪರದೆ ಕಟ್ಟಿ ಅಲ್ಲಿಯವರಿಗೇ ತೋರಿಸುವುದು, ಬೇಡವೆಂದವರ ದೃಶ್ಯವನ್ನು ತೆಗೆಯುವುದು ಅವರ ನೇಮ.

ಆ ಗಾಡಿ ಸಾಲಿನ ಚಿತ್ರಕ್ಕೆ ರೊಟ್ಟಿ ಗಾಡಿಯ ಇಂದುಬಾಯಿಯವರ ದೃಶ್ಯವೇ ಜೀವಾಳವಾಗಿತ್ತು. ಅವರು ರೊಟ್ಟಿ ಬಡಿಯುತ್ತಾರೆ, ಪತಿ ನಾಗಪ್ಪನವರು ತಾಟು ತೊಳೆಯುತ್ತಾರೆ, ಇಬ್ಬರೂ ನಗುತ್ತಾರೆ. ಪರದೆಯ ಮೇಲೆ ಅದನ್ನು ಕಂಡೊಡನೆ ಇಂದುಬಾಯಿ ಎದ್ದು ನಿಂತರು.

"ಸಾಹೇಬ್ರ, ಇದನ್ನ ತೆಗೀರಿ. ಮೈಂದರ್ಗಿಯೊಳಗ ಇವ್ರದು ಹೊಲಾ ಮನಿ ಇದ್ದ ಮನಿತನ. ಇಲ್ಲಿ ತಾಟ ತೊಳ್ಯಾಕತ್ತಾರ ಅಂತ ಗೊತ್ತಾದ್ರ ಊರಾಗ ಮಾರಿ ತೋರ್ಸಾಕ ಆಗಂಗಿಲ್ರಿ."

ಆ ದೃಶ್ಯ ಹೋದರೆ ಚಿತ್ರವೇ ಸಪ್ಪೆ ಎಂದು ನಾನು ಜಗಳವಾಡಿದೆ. ಸರ್ ಮರುದಿನ ಇಂದುಬಾಯಿಯವರನ್ನು ಕರೆಸಿ, ಅವರ ಕಣ್ಣೆದುರೇ ಆ ದೃಶ್ಯದ ಮೂಲ ಪ್ರತಿಯನ್ನೂ ಬಿಡದೆ ಅಳಿಸಿದರು. ಚಿತ್ರದ ಬಗ್ಗೆ ಕೇಳಿ ಆಸಕ್ತಿ ತೋರಿದ್ದ ಚಿತ್ರೋತ್ಸವದವರು ಆಮೇಲೆ ಅದನ್ನು ಕೈಬಿಟ್ಟರು.

ಕಳೆದ ವರ್ಷ ನಾಗಪ್ಪನವರು ತೀರಿಕೊಂಡರು. ಮೊನ್ನೆ ಇಂದುಬಾಯಿ ವಿಭಾಗಕ್ಕೇ ಬಂದರು.

"ಆಧಾರ್ ಕಾರ್ಡಿನ ಫೋಟೋ ಅಷ್ಟ ಐತ್ರಿ. ಅವ್ರು ನಗೂದು ಒಮ್ಮಿ ನೋಡಬೇಕಾಗೈತಿ. ಎಲ್ಲೆರ ಉಳದೈತೇನ್ರಿ?"

"ಇಲ್ರೀ ಇಂದಕ್ಕ, ಉಳದಿಲ್ಲ," ಎಂದರು ಸರ್. ಅವರ ಮುಖ ಅಷ್ಟು ಸೋತದ್ದನ್ನು ನಾನೆಂದೂ ಕಂಡಿರಲಿಲ್ಲ. ಕುರ್ಚಿಯನ್ನು ಹತ್ತಿರ ಎಳೆದುಕೊಂಡು ಹೇಳತೊಡಗಿದರು: "ನಾಗಪ್ಪನವ್ರು ಅಂಗಿ ತೋಳು ಮಡಚಿದ್ರು. ನೀವು ಏನೋ ಅಂದ್ರಿ. ಕೈಯಾಗಿನ ತಾಟ ಹಂಗ ಹಿಡಕೊಂಡು, ಮಾರಿ ಆ ಕಡೆ ಹೊಳ್ಳಿಸಿ ನಕ್ರು. ಆಮ್ಯಾಲ ಹಸೀ ಕೈಲೆ ನಿಮ್ಮ ಹಣಿ ಮ್ಯಾಗಿನ ಹಿಟ್ಟು ಒರಸಿದ್ರು."

ಇಂದುಬಾಯಿ ಕಣ್ಣು ಮುಚ್ಚಿ ಕೇಳಿದರು. "ಇನ್ನೊಮ್ಮಿ ಹೇಳ್ರಿ," ಎಂದರು. ಸರ್ ಮೊದಲಿನಿಂದ ಹೇಳಿದರು.

ಗುರುಗಳು ಇನ್ನು ಚಿತ್ರ ಮಾಡಲಿ, ಇಲ್ಲವೆ ಮನೆಯಲ್ಲಿ ಹಾಯಾಗಿರಲಿ. ಆದರೆ ಬಹುಕಾಲ ಬಾಳಬೇಕು, ಅವರ ನೆನಪು ಮಸುಕಾಗಬಾರದು. ನಾಗಪ್ಪನವರು ನಕ್ಕದ್ದು ಈಗ ಆ ನೆನಪಿನಲ್ಲಿ ಮಾತ್ರ ಉಳಿದಿದೆ, ಅದನ್ನು ಕೇಳಲು ಇಂದುಬಾಯಿ ಮತ್ತೆ ಬರುತ್ತೇನೆಂದು ಹೇಳಿ ಹೋಗಿದ್ದಾರೆ.