ಎಡ ಭುಜ ಸವೆದ ಅಂಗಿ

ಬೆಳಗಿನ ಐದೂವರೆ. ಸ್ಟುಡಿಯೋ ಹಿಂಭಾಗದ ತಗಡಿನ ಶೆಡ್ಡಿನಲ್ಲಿ ಆಕೆ ಹೊಚ್ಚ ಹೊಸ ಅಂಗಿಯೊಂದನ್ನು ಇಟ್ಟಿಗೆ ಚೂರಿನಿಂದ ಉಜ್ಜುತ್ತಿದ್ದಾರೆ. ಅಂಗಡಿಯ ಚೀಟಿ ಇನ್ನೂ ಕಾಲರಿನಲ್ಲೇ ತೂಗುತ್ತಿದೆ. ಪಕ್ಕದ ಬಕೆಟ್ಟಿನಲ್ಲಿ ಕುದಿಸಿ ಆರಿಸಿದ ಚಹಾದ ಕಂದು ನೀರು. ಎಂಟಕ್ಕೆ ಚಿತ್ರೀಕರಣ. ಅಷ್ಟರೊಳಗೆ ನಲವತ್ತು ಅಂಗಿಗಳಿಗೆ ಹತ್ತು ವರ್ಷ ವಯಸ್ಸಾಗಬೇಕು.

ಸಿನಿಮಾದ ಬಡವರು ತೊಡುವ ಬಟ್ಟೆಯನ್ನು ಹಳತು ಮಾಡುವುದು ಇವರ ಕಸುಬು. ಇಪ್ಪತ್ನಾಲ್ಕು ವರ್ಷ, ಅರವತ್ತೊಂದು ಚಿತ್ರ. ಒಂದರಲ್ಲೂ ತೆರೆಯ ಮೇಲೆ ಹೆಸರಿಲ್ಲ. ಸ್ಟುಡಿಯೋದಲ್ಲಿ ಇವರು 'ಹಳೇಬಟ್ಟೆ ಅಕ್ಕ'.

"ಮೊದಲನೇ ದಿನ ಕೈಗೆ ಕತ್ತರಿ ಕೊಟ್ಟು, ಎಲ್ಲಾನೂ ಹರಿದುಹಾಕು ಅಂದ್ರು" ಎಂದು ಅಕ್ಕ ನಗುತ್ತಾರೆ. "ಬಡವರ ಬಟ್ಟೆ ಹರಿದಿರಲ್ಲ ಸಾರ್, ಸವೆದಿರುತ್ತೆ. ಹರಿದ್ರೆ ಹೊಲ್ಕೋತೀವಲ್ಲ! ಇಷ್ಟು ಓದಿದೋರಿಗೆ ಇದೂ ಗೊತ್ತಿಲ್ವಾ ಅನ್ನಿಸ್ತು."

ಗಂಡ ಗೋದಾಮಿನ ಹಮಾಲಿ. ಅವರ ಅಂಗಿ ಒಗೆದೂ ಒಗೆದೂ ಕಲಿತ ವಿದ್ಯೆ ಇದು. ಬಲಗೈಯಲ್ಲಿ ಕೊಕ್ಕೆ ಹಿಡಿದು ಎಡ ಭುಜದ ಮೇಲೆ ಮೂಟೆ ಹೊರುವವರು ಅವರು. ಅಂಗಿ ಎಡ ಭುಜದಲ್ಲೇ ಜಾಳಾಗುತ್ತದೆ, ಬಲ ಭುಜ ಹೊಸದರಂತೆ ಉಳಿದಿರುತ್ತದೆ. ಎರಡು ವರ್ಷದ ಹಿಂದೆ ನಾಯಕನೊಬ್ಬ ಹಮಾಲಿಯ ಪಾತ್ರ ಮಾಡಿದಾಗ ಅಕ್ಕ ಹಾಗೆಯೇ ಸವೆಸಿಕೊಟ್ಟರು. ಆ ಚಿತ್ರದ ಉಡುಪಿಗೆ ದೊಡ್ಡ ಪ್ರಶಸ್ತಿ ಬಂತು. 'ಸವೆದ ಎಡ ಭುಜವೊಂದೇ ಇಡೀ ಬದುಕನ್ನು ಹೇಳುತ್ತದೆ' ಎಂದು ತೀರ್ಪುಗಾರರು ಹೊಗಳಿದರು. ವೇದಿಕೆ ಹತ್ತಿದ್ದು ವಸ್ತ್ರ ವಿನ್ಯಾಸಕಿ, ನಿರ್ಮಾಪಕರ ಸೊಸೆ. ಆಕೆ ಮಾವನಿಗೆ, ಗಂಡನಿಗೆ, ತಾನು ಓದಿದ ವಿದೇಶಿ ಕಾಲೇಜಿಗೆ ವಂದನೆ ಹೇಳಿದರು. ಆ ಸಂಜೆ ಆಕೆ ಉಟ್ಟ ಸೀರೆಗೆ ಇಸ್ತ್ರಿ ಹಾಕಿದ್ದೂ ನಮ್ಮ ಅಕ್ಕನೇ.

ಅಕ್ಕನ ಹೆಸರೇಕಿಲ್ಲ? ಸಿನಿಮಾ ವಸ್ತ್ರ ಕಲಾವಿದರ ಸಂಘದ ಕಾರ್ಡಿಲ್ಲ. ನಂಬಲಾಗದೆ ನಾನೇ ಸಂಘದ ಕಚೇರಿಗೆ ಹೋದೆ. ಮೂರು ಚಿತ್ರಗಳಲ್ಲಿ ಹೆಸರು ಬಂದವರಿಗಷ್ಟೇ ಕಾರ್ಡು. ಕಾರ್ಡಿದ್ದವರಿಗಷ್ಟೇ ತೆರೆಯ ಮೇಲೆ ಹೆಸರು. ಹುಚ್ಚು ಬಿಡೋತನಕ ಮದುವೆ ಆಗಲ್ಲ, ಮದುವೆ ಆಗೋತನಕ ಹುಚ್ಚು ಬಿಡಲ್ಲ! "ಸದಸ್ಯರ ಮಕ್ಕಳು, ಸೊಸೆಯಂದ್ರಿಗೆ ಈ ನಿಯಮ ಇಲ್ಲ ಬಿಡಿ" ಎಂದು ಗುಮಾಸ್ತರು ನನಗೆ ಸಮಾಧಾನ ಹೇಳಿದರು.

ಈ ವರ್ಷ ಸಂಘ ಹೊರಗಿನವರಿಗೂ ಕಾರ್ಡಿಗಾಗಿ ಒಂದು ಪರೀಕ್ಷೆ ಇಟ್ಟಿತು. ಇರುವುದು ಒಂದೇ ಸ್ಥಾನ. ವಸ್ತ್ರ ವಿನ್ಯಾಸದ ಡಿಪ್ಲೊಮಾ ಮುಗಿಸಿದ ಅಕ್ಕನ ಮಗಳು ಮೂರು ವಾರ ಕೂತು ಹಮಾಲಿಯ ಅಂಗಿಯೊಂದನ್ನು ಸವೆಸಿ ಒಯ್ದಳು. ಪರೀಕ್ಷಕರ ಸಾಲಿನ ನಡುವಿನ ಕುರ್ಚಿಯಲ್ಲಿ ಅದೇ ನಿರ್ಮಾಪಕರ ಸೊಸೆ. ವಾರದ ನಂತರ ಬಂದ ಪತ್ರವನ್ನು ಮಗಳು ನನ್ನ ಮುಂದೆ ಹಿಡಿದಳು: 'ಪ್ರಶಸ್ತಿ ವಿಜೇತ ವಿನ್ಯಾಸದ ನಕಲು. ಸ್ವಂತಿಕೆಯಿಲ್ಲ. ತಿರಸ್ಕರಿಸಲಾಗಿದೆ.'

ಹೆತ್ತ ತಾಯಿಯಿಂದ ಕಲಿತದ್ದನ್ನು ಈ ಹುಡುಗಿ ಕದ್ದಳಂತೆ, ಅದೂ ತಾಯಿಯ ಕೆಲಸಕ್ಕೆ ಪ್ರಶಸ್ತಿ ಹೊಡೆದವರಿಂದ!

"ಪರೀಕ್ಷೆ ದಿನಾನೇ ಇದು ನಮ್ಮಮ್ಮನ ಕೆಲಸ ಅಂತ ನಾಲಿಗೆ ತುದೀಲಿತ್ತು" ಎನ್ನುತ್ತಾಳೆ ಮಗಳು. "ಹೇಳಿದ್ರೆ ಮಾರನೇ ದಿನದಿಂದ ಅಮ್ಮನ್ನ ಗೇಟಿನೊಳಗೆ ಬಿಡ್ತಿರಲಿಲ್ಲ. ನುಂಗ್ಕೊಂಡು ಬಂದೆ." ಮುಂದಿನ ವರ್ಷ ಇನ್ನೊಂದು ಅವಕಾಶವಿದೆ. ಆಮೇಲೆ ವಯಸ್ಸು ಮೀರುತ್ತದೆ.

ಇದನ್ನೆಲ್ಲ ಬರೆಯಲೇ ಎಂದು ಅಕ್ಕನನ್ನು ಕೇಳುತ್ತೇನೆ. "ಬರೀರಿ ಸಾರ್. ಇನ್ನೆಷ್ಟು ದಿನ ಹೆದ್ರೋದು?"

ಮುಂದಿನ ಪರೀಕ್ಷೆಗೆ ಮಗಳು ಬೇರೇನಾದರೂ ಒಯ್ಯುತ್ತಾಳೆಯೇ? ಅಕ್ಕ ಅಂಗಿ ಹಿಂಡಿ, ಕೊಡವಿ, ಬೆಳಕಿಗೆ ಹಿಡಿದು ನೋಡುತ್ತಾರೆ. ಎಡ ಭುಜದ ನೂಲಿನ ಸಂದಿಯಿಂದ ಬಿಸಿಲು ಕಾಣುತ್ತಿದೆ.

"ನಕಲು ಅಂದ್ರಲ್ಲ, ಹಾಗಾದ್ರೆ ಮಗಳ ಕೈ ಕೂತಿದೆ ಅಂತಾಯ್ತು. ಮುಂದಿನ ಸಲಾನೂ ಎಡ ಭುಜಾನೇ ಸವೆಸು ಅಂದಿದೀನಿ. ಅವರು ಒಪ್ಪಲಿ ಬಿಡಲಿ, ಅವಳಪ್ಪ ಮೂಟೆ ಹೊತ್ತಿದ್ದು ಅಲ್ಲೇ."