ಷಡ್ಡಕನಿಗೆ ಹೆಸರಿಟ್ಟ ಕ್ಯಾಮೆರಾ

ನನ್ನ ಹೆಂಡತಿಯ ತಂಗಿಯ ಗಂಡ ಹಾಳಾಗಿ ಹೋಗಲಿ ಎಂದು ನಾನು ಎಂದೂ ಹರಕೆ ಹೊತ್ತವನಲ್ಲ. ಹಾಳಾದವನಿಗೆ ಜನ ನಾಲ್ಕು ದಿನ ಮರುಗಿ ಮರೆತುಬಿಡುತ್ತಾರೆ. ನನಗೆ ಬೇಕಾಗಿದ್ದುದು ಬಾಳಿಕೆ ಬರುವಂಥದ್ದು.

ತೊಂಬತ್ತರ ದಶಕದಲ್ಲಿ ಪಾಂಡವಪುರದಲ್ಲಿ ನನ್ನದೊಂದು ಫೋಟೋ ಸ್ಟುಡಿಯೋ ಇತ್ತು. ಷಡ್ಡಕನಿಗೆ ನಾಗಮಂಗಲದಲ್ಲಿ ಕಬ್ಬಿಣದ ಸಾಮಾನಿನ ಅಂಗಡಿ. ಇಬ್ಬರಿಗೂ ಹೆಣ್ಣು ಕೊಟ್ಟ ಮನೆ ಕೆ.ಆರ್. ಪೇಟೆಯದು. ಒಂದೇ ಮಾವನ ಜಗುಲಿಯ ಮೇಲೆ ಇಬ್ಬರು ಅಳಿಯಂದಿರು ಕೂತಾಗ ಏನಾಗಬೇಕೋ ಅದೇ ನಮ್ಮ ನಡುವೆಯೂ ಆಗಿತ್ತು: ವಿಪರೀತ ವಿನಯ. ನಾನು ಹಿರಿಯ ಅಳಿಯನಾದ್ದರಿಂದ ಅವನು ಬಾಯಿತುಂಬ ‘ಅಣ್ಣ’ ಎನ್ನುತ್ತಿದ್ದ. ನಾನೂ ‘ತಮ್ಮ’ ಎನ್ನುತ್ತಿದ್ದೆ. ನೋಡಿದವರು ಕಣ್ಣೊರೆಸಿಕೊಳ್ಳಬೇಕು, ಹಾಗೆ.

ನಮ್ಮ ಭಾಮೈದನ ಮದುವೆಯಲ್ಲಿ ಫೋಟೋ ತೆಗೆಯುವ ಭಾರ ನನ್ನ ಮೇಲೆ ಬಿತ್ತು. ಧಾರೆ, ಮಾಂಗಲ್ಯ, ಅಕ್ಷತೆ ಎಲ್ಲವನ್ನೂ ಒಂದು ರೀಲಿನಲ್ಲಿ ಹಿಡಿದು, ಕ್ಯಾಮೆರಾವನ್ನು ಛತ್ರದ ಕಿಟಕಿಯ ಕಟ್ಟೆಯ ಮೇಲಿಟ್ಟು ಊಟಕ್ಕೆ ಕೂತೆ. ನಮ್ಮ ಕಡೆ ಪಂಕ್ತಿಯಲ್ಲಿ ಕೂತ ಮೇಲೆ ಹಿರಿಯರು ಏಳುವವರೆಗೆ ಯಾರೂ ಏಳುವಂತಿಲ್ಲ. ಅವತ್ತು ಪಂಕ್ತಿಯ ತಲೆಯಲ್ಲಿ ಕೂತಿದ್ದವರು ನನ್ನ ಮಾವ. ಅವರು ಎಲೆಯ ಮುಂದೆ ಕೂತರೆ, ಕೆರೆ ತುಂಬುವ ಹಾಗೆ, ನಿಧಾನಕ್ಕೆ ತುಂಬುತ್ತಿದ್ದರು. ನಾನು ಅನ್ನಕ್ಕೆ ಸಾರು ಕಲಸುತ್ತಾ ತಲೆಯೆತ್ತಿದರೆ, ಷಡ್ಡಕ ಕಿಟಕಿಯ ಬಳಿ ನಿಂತು ನನ್ನ ಕ್ಯಾಮೆರಾದ ಹಿಂದಿನ ಬಾಗಿಲು ತೆರೆದಿದ್ದಾನೆ. ನಡು ಮಧ್ಯಾಹ್ನದ ಬಿಸಿಲು ನೇರವಾಗಿ ಒಳಗೆ ಬೀಳುತ್ತಿದೆ.

“ಲೇ ತಮ್ಮ, ಮುಚ್ಚೋ! ಮುಚ್ಚೋ ಅದ!” ಎಂದು ಕೂಗಿದೆ.

“ಇರಣ್ಣ, ರೀಲು ಆಕಿದ್ದೀಯೋ ಇಲ್ವೋ ಅಂತ ನೋಡ್ತಾವ್ನಿ,” ಎಂದ ಅವನು, ಬಹಳ ಜವಾಬ್ದಾರಿಯಿಂದ.

“ಅಳಿಯಂದ್ರೇ, ಎಲೆ ಮುಂದೆ ಕೂಗಬಾರ್ದು,” ಎಂದರು ಮಾವ. ಅವರಿಗೆ ಇನ್ನೂ ಪಾಯಸ ಬರುವುದಿತ್ತು.

ನಾನು ಎಂಜಲು ಕೈಯಲ್ಲಿ ಕೂತೇ ಇದ್ದೆ. ಅವನು ಫಿಲ್ಮನ್ನು ಅಷ್ಟುದ್ದ ಎಳೆದು, ಬೆಳಕಿಗೆ ಹಿಡಿದು, ಒಂದು ಕಣ್ಣು ಮುಚ್ಚಿ ಪರೀಕ್ಷಿಸಿ, ಮತ್ತೆ ಒಳಗೆ ತುರುಕಿ ಬಾಗಿಲು ಹಾಕಿದ. ಮಾವನಿಗೆ ಪಾಯಸ ಬಂತು. ಎರಡನೇ ಸಲವೂ ಬಂತು. ಆಮೇಲೆ ಮಜ್ಜಿಗೆ.

ರೀಲು ತೊಳೆಸಿದಾಗ ತುದಿಯಿಂದ ತುದಿಗೆ ಕಪ್ಪು. ಅದನ್ನಾದರೂ ಸಹಿಸಬಹುದಿತ್ತು. ಭಾಮೈದನ ಧಾರೆಯ ಫೋಟೋ ಎಲ್ಲಿ ಎಂದು ನೆಂಟರು ಕೇಳಿದಾಗ ಷಡ್ಡಕನೇ ಸಾಕ್ಷಿಗೆ ಎದ್ದು ನಿಂತ. “ನಾನೇ ಕಣ್ಣಾರ ನೋಡಿವ್ನಿ ಕಣ್ರಪ್ಪ. ಬರೀ ಕಂದು ಪಟ್ಟಿ. ಒಂದು ಬೊಂಬೆನೂ ಇರ್ನಿಲ್ಲ. ಅಣ್ಣ ಪಾಪ ಬೆಳಗ್ಗಿಂದ ಖಾಲಿ ರೀಲು ಸುತ್ತವ್ನೆ!” ತೊಳೆಯದ ಫಿಲ್ಮಿನಲ್ಲಿ ಯಾರ ಕಣ್ಣಿಗೂ ಬೊಂಬೆ ಕಾಣುವುದಿಲ್ಲ ಎಂದು ನಾನು ವಿವರಿಸಿದೆ. ಅಷ್ಟು ಹೊತ್ತಿಗೆ ಎಲ್ಲರೂ ನಕ್ಕಾಗಿತ್ತು. ನಕ್ಕ ಮೇಲೆ ವಿವರಣೆ ಕೇಳುವ ಪದ್ಧತಿ ನಮ್ಮ ಜಿಲ್ಲೆಯಲ್ಲಿಲ್ಲ.

ಹೀಗೆ ನಾನು ‘ಖಾಲಿರೀಲು’ ಆದೆ. ಅಪ್ಪ ಇಟ್ಟ ಹೆಸರು ಸ್ಟುಡಿಯೋದ ಬೋರ್ಡಿನ ಮೇಲೆ ಮಾತ್ರ ಉಳಿಯಿತು. ಬೆಳ್ಳೂರು ಕ್ರಾಸಿನಲ್ಲಿ ಬಸ್ಸು ನಿಂತರೆ, “ಪಾಂಡವಪುರದ ಖಾಲಿರೀಲು ಇಳೀರಪ್ಪ, ಕಾಫಿ ಕುಡೀರಿ,” ಎಂದು ಕಂಡಕ್ಟರು ಕರೆಯುತ್ತಿದ್ದ. ಹಿಟ್ಟಿನ ಗಿರಣಿಯಲ್ಲಿ ನನ್ನ ಹೆಂಡತಿ “ಖಾಲಿರೀಲಿನೋರ ಮನೆಯವ್ರು” ಆದಳು. ಅವಳು ಡಬ್ಬಿಯನ್ನು ಅಲ್ಲೇ ಬಿಟ್ಟು ಬಂದು ಎರಡು ದಿನ ನನ್ನೊಡನೆ ಮಾತಾಡಲಿಲ್ಲ. ಮದುವೆಗೆ ಕರೆಯುವವರು ಕಡಿಮೆಯಾದರು. ಧಾರೆಯನ್ನು ಎರಡನೇ ಸಲ ಎರೆಸಲಾಗುವುದಿಲ್ಲವಲ್ಲ, ಅವರದೂ ತಪ್ಪಿಲ್ಲ. ನನ್ನ ಪಾಲಿಗೆ ಉಳಿದದ್ದು ಪಾಸ್‌ಪೋರ್ಟ್ ಸೈಜಿನ ಮುಖಗಳು. ಹಾಳಾದರೆ ಅಲ್ಲೇ ಇನ್ನೊಂದು ತೆಗೆಯಬಹುದಾದಂಥವು.

ನಾನೂ ಅವನಿಗೊಂದು ಹೆಸರಿಡಲು ನೋಡಿದೆ. ಕ್ಯಾಮೆರಾ ತೆರೆದದ್ದರ ನೆನಪಿಗೆ ‘ಮುಚ್ಚಳ’ ಎಂದು ಇಟ್ಟು, ಬಸ್ಸಿನಲ್ಲಿ, ಕ್ಷೌರದಂಗಡಿಯಲ್ಲಿ, ಸೊಸೈಟಿಯ ಮುಂದೆ ಬಿತ್ತಿ ಬಂದೆ. ಮೊಳೆಯಲಿಲ್ಲ. ಏಟು ತಿಂದವನು ಇಟ್ಟ ಹೆಸರು ಅಳುವಿನ ಹಾಗೆ ಕೇಳುತ್ತದೆ. ಅಡ್ಡಹೆಸರು ಅಂಟಬೇಕಾದರೆ ಅದು ಜಗಳಕ್ಕೆ ಸಂಬಂಧವಿಲ್ಲದವರ ಬಾಯಿಂದ, ತುಂಬಿದ ಮನೆಯಲ್ಲಿ, ತಾನಾಗಿ ಬಿದ್ದಂತೆ ಬೀಳಬೇಕು. ಈ ಶಾಸ್ತ್ರವನ್ನು ಕಲಿಯಲು ನನಗೆ ಕೆಲವು ವರ್ಷಗಳೇ ಹಿಡಿದವು. ಸೇಡಿಗೆ ಅವಸರವೇನೂ ಇರಲಿಲ್ಲ.

ದಶಕದ ಕೊನೆಗೆ ಕೊನೆಯ ನಾದಿನಿಯ ಮದುವೆ ಗೊತ್ತಾಯಿತು. ಅದೇ ಸುಮಾರಿಗೆ ಶ್ರೀರಂಗಪಟ್ಟಣದಲ್ಲಿ ಕೋಟೆ ನೋಡಲು ಬರುವವರ ಫೋಟೋ ತೆಗೆಯುತ್ತಿದ್ದ ಸಾಬರೊಬ್ಬರ ಕೈಗೆ, ದುಬೈಯಿಂದ ಬಂದ ಅವರ ಅಣ್ಣ ಒಂದು ವಿಚಿತ್ರ ಕ್ಯಾಮೆರಾ ತಂದು ಕೊಟ್ಟಿದ್ದ. ಲೆನ್ಸು ನಮ್ಮ ದೊಡ್ಡ ಕ್ಯಾಮೆರಾಗಳದೇ. ಒಳಗೆ ಮಾತ್ರ ರೀಲಿಲ್ಲ. ಬೆಂಕಿಪೊಟ್ಟಣದಷ್ಟಗಲದ ಒಂದು ಚಪ್ಪಟೆ ಕಾರ್ಡು. ಹೊಡೆದ ಫೋಟೋ ಬೆನ್ನಿನ ಮೇಲಿನ ಪುಟ್ಟ ಕಿಟಕಿಯಲ್ಲಿ ಆಗಲೇ ಕಾಣುತ್ತಿತ್ತು. ಡಿಜಿಟಲ್ ಎಂಬ ಮಾತು ಇನ್ನೂ ಯಾರ ನಾಲಿಗೆಗೂ ಹೊಂದಿರಲಿಲ್ಲವಾದ್ದರಿಂದ ಜನ ಅದನ್ನು ‘ತೊಳೆಯದ ಕ್ಯಾಮೆರಾ’ ಎನ್ನುತ್ತಿದ್ದರು. ನಾನು ಮೊದಲು ತಿರುಗಿಸಿ ನೋಡಿದ್ದು ಅದರ ಬೆನ್ನನ್ನು. ರೀಲಿಗೆ ಬಿಸಿಲು ತೋರಿಸುವ ಬಾಗಿಲೇ ಇರಲಿಲ್ಲ.

ಸಾಬರು ಹೆಸರುಗಳ ವಿಷಯದಲ್ಲಿ ಪಂಡಿತರು. ಜಪಾನಿನ ಒಂದು ಕಂಪನಿ ತನ್ನ ಮೊದಲ ಕ್ಯಾಮೆರಾಕ್ಕೆ ಕರುಣೆಯ ದೇವತೆಯ ಹೆಸರಿಟ್ಟಿತ್ತು ಎಂದು ತಿಳಿಸಿದರು.

“ಇದು ಅದೇ ಕಂಪನಿದಾ ಸಾಬ್ರೇ?”

“ಇಲ್ಲ ಭಾಯ್, ಇದು ಬೇರೆ.”

ನೆಮ್ಮದಿಯಾಯಿತು. ಕರುಣೆಯ ಹೆಸರು ಹೊತ್ತ ಯಂತ್ರದ ಮೇಲೆ ನನ್ನ ಕೆಲಸದ ಪಾಪ ಹೊರಿಸಲು ನನಗೂ ಮನಸ್ಸಿರಲಿಲ್ಲ.

ಹೊಡೆದದ್ದು ಆಗಲೇ ಕಾಣುತ್ತದೆ ಎಂದ ಮೇಲೆ ಮಾವ ಫೋಟೋದ ಭಾರವನ್ನು ಮತ್ತೆ ನನಗೇ ಒಪ್ಪಿಸಿದರು. ಒಂದು ಸೈಟಿನ ಬೆಲೆಯ ವಸ್ತುವನ್ನು ಸಾಬರು ಹೊರಗೆ ಬಿಡುವವರಲ್ಲ. ಮದುವೆಗೆ ತಾವೇ ಅದರೊಡನೆ ಬಂದು, ಮಗಳನ್ನು ಗಂಡನ ಮನೆಗೆ ಬಿಡಲು ಬಂದ ತಂದೆಯ ಹಾಗೆ ಮಂಟಪದ ಪಕ್ಕದಲ್ಲಿ ಕುರ್ಚಿ ಹಾಕಿಕೊಂಡು ಕೂತರು. ಕಾರ್ಡಿನಲ್ಲಿ ಹಿಡಿಸುವುದು ಕೆಲವೇ ಫೋಟೋ, ಬೇಡದ್ದನ್ನು ಅಳಿಸಿ ಜಾಗ ಮಾಡಿಕೊಳ್ಳಬೇಕು ಎಂದು ಒಂದು ಗುಂಡಿ ತೋರಿಸಿದರು. ಅದರ ಮೇಲೆ ಕಸದ ಬುಟ್ಟಿಯ ಚಿತ್ರವಿತ್ತು. ಒಮ್ಮೆ ಒತ್ತಿದರೆ ‘ಖಂಡಿತವೇ?’ ಎಂಬಂತೆ ಕ್ಯಾಮೆರಾ ಕೇಳುತ್ತಿತ್ತು. ಇನ್ನೊಮ್ಮೆ ಒತ್ತಿದರೆ ಅಳಿಸುತ್ತಿತ್ತು. ಬಹಳ ಸಂಭಾವಿತ ಯಂತ್ರ. ನನ್ನ ಉತ್ತರ ಆ ದಿನ ಬೆಳಗ್ಗಿನಿಂದ ಸಂಜೆಯವರೆಗೆ ಒಂದೇ ಆಗಿತ್ತು.

ಷಡ್ಡಕನ ಓಡಾಟ ಹೇಳತೀರದು. ಎಲೆ ಹಾಕಿಸುವವನು ಅವನು, ಬೀಗರಿಗೆ ಪನ್ನೀರು ಚಿಮುಕಿಸುವವನು ಅವನು. “ಅಣ್ಣ, ಇಲ್ಲೊಂದು ಒಡಿಯಣ್ಣ,” ಎಂದು ಪ್ರತಿ ಸಲ ಎದೆಯುಬ್ಬಿಸಿ ನಿಲ್ಲುತ್ತಿದ್ದ. ನಾನು ಹೊಡೆದು, ಅವನನ್ನು ಹತ್ತಿರ ಕರೆದು ತೋರಿಸುತ್ತಿದ್ದೆ.

“ಅಯ್ಯೋ, ಎಂಗ್ ಬಂದಿದ್ದೀನಿ ನೋಡಣ್ಣ! ಮೀಸೆ ಕೂದ್ಲು ಒಂದೊಂದೂ ಕಾಣ್ತವೆ!”

“ಬಹಳ ಚೆನ್ನಾಗಿ ಬಂದಿದ್ದೀಯ ತಮ್ಮ.”

ಅವನು ಹೋಗಿ, “ನಾನು ಎಲ್ಲಾದ್ರಲ್ಲೂ ಇವ್ನಿ, ಕಣ್ಣಾರ ನೋಡ್ದೆ,” ಎಂದು ಸಾರುತ್ತಿದ್ದ. ನಾನು ಬುಟ್ಟಿ ಒತ್ತುತ್ತಿದ್ದೆ. ಕುಟುಂಬದವರೆಲ್ಲ ಒಟ್ಟಿಗೆ ನಿಂತ ಫೋಟೋವನ್ನು, ಅವನು ಪಾಕಶಾಲೆಯಲ್ಲಿ ಅನ್ನ ಬೆಂದಿತೋ ಎಂದು ನೋಡಲು ಹೋದಾಗ ಒಮ್ಮೆ ತೆಗೆದೆ, ಅವನು ಬಂದು ಸೇರಿದಾಗ ಇನ್ನೊಮ್ಮೆ. ಎರಡನೆಯದನ್ನು ಅವನಿಗೆ ತೋರಿಸಿದೆ. ಮೊದಲನೆಯದನ್ನು ಉಳಿಸಿಕೊಂಡೆ.

ಸಾಬರ ಕಣ್ಣು ತಪ್ಪಿಸಲಾಗಲಿಲ್ಲ. “ಏನ್ ಭಾಯ್ ಇದು, ಆ ಮೀಸೆ ಸಾಹೇಬ್ರದು ಒಡೆಯೋದು, ಅಳಿಸೋದು, ಒಡೆಯೋದು, ಅಳಿಸೋದು?”

“ಜಾಗ ಸಾಲದು ಸಾಬ್ರೇ.”

ಅವರು ಕಿಟಕಿಯಲ್ಲಿ ಇಣುಕಿದರು. “ಕಾರ್ಡಲ್ಲಿ ಬೇಕಾದಷ್ಟು ಜಾಗ ಇದೆಯಲ್ಲ!”

“ನನ್ನಲ್ಲಿ ಸಾಲದು.”

ಸಾಬರು ನನ್ನ ಮುಖವನ್ನೊಮ್ಮೆ ನೋಡಿ, “ಅಲ್ಲಾ ಕಾಪಾಡಲಿ,” ಎಂದರು. ಯಾರನ್ನು ಎಂದು ಹೇಳಲಿಲ್ಲ.

ಕೆಲವು ತಿಂಗಳಾದ ಮೇಲೆ ಭಾಮೈದನ ಮಗುವಿನ ನಾಮಕರಣಕ್ಕೆ ಕೆ.ಆರ್. ಪೇಟೆಯ ಮನೆ ತುಂಬಿತು. ಸಾಬರು ಬೆಂಗಳೂರಿನಲ್ಲಿ ಪ್ರಿಂಟು ಹಾಕಿಸಿಕೊಟ್ಟ ನಾದಿನಿಯ ಮದುವೆಯ ಆಲ್ಬಮ್ಮನ್ನು ಅಂದೇ ತೆಗೆದುಕೊಂಡು ಹೋದೆ. ತೊಟ್ಟಿಲ ಪಕ್ಕದಲ್ಲಿ ಮಾವನ ತಾಯಿ, ಊರಿಗೆಲ್ಲ ಅಜ್ಜಿ, ಕೂತಿದ್ದರು. ಸೊಂಟ ಮುರಿದು ಮಲಗಿದ್ದರಿಂದ ಅವರು ಮದುವೆಗೆ ಬಂದಿರಲಿಲ್ಲ. ಅವರ ಪಾಲಿಗೆ ಆ ಆಲ್ಬಮ್ಮೇ ಮದುವೆ. ಮೂಗಿಗೆ ತಾಗುವಷ್ಟು ಹತ್ತಿರ ಹಿಡಿದು ಒಂದೊಂದೇ ಹಾಳೆ ತಿರುವಿದರು. ಕೊನೆಯ ಹಾಳೆ ಮುಗಿಸಿ, ಮೊದಲಿನಿಂದ ಮತ್ತೆ ತಿರುವಿದರು.

“ನಾಗಮಂಗಲದೋನು ಎಲ್ಲವ್ನೆ?” ಎಂದರು.

“ಇಲ್ಲೇ ಇವ್ನಿ ಕಣಜ್ಜಿ,” ಎಂದ ಷಡ್ಡಕ.

“ಇಲ್ಲಲ್ಲ ಕಣ್ಲಾ, ಮದ್ವೇಲಿ. ನಾದಿನಿ ಧಾರೆಗೆ ಬರ್ನಿಲ್ವಾ ನೀನು?”

“ಅಯ್ಯೋ, ಬಂದಿದ್ದೆ! ಎಲೆ ಆಕ್ಸಿದ್ದೇ ನಾನು! ಅಣ್ಣ ನಂದು ಬೇಕಾದಷ್ಟು ಒಡೆದ, ನಾನೇ ಕಣ್ಣಾರ ನೋಡಿವ್ನಿ!”

ಅಜ್ಜಿ ನನ್ನ ಕಡೆ ತಿರುಗಿದರು. ನಾನು ಬಹಳ ಗಂಭೀರವಾಗಿ, ಆಲ್ಬಮ್ಮಿನಲ್ಲಿ ಇರುವುದಷ್ಟೂ ಕಾರ್ಡಿನಲ್ಲಿ ಇದ್ದದ್ದೇ, ಒಂದನ್ನೂ ಮನೆಯಲ್ಲಿ ಇಟ್ಟುಕೊಂಡಿಲ್ಲ ಎಂದೆ. ಒಂದಕ್ಷರವೂ ಸುಳ್ಳಲ್ಲ.

“ಸುಳ್ ಯಾಕ್ಲಾ ಏಳೀಯೆ?” ಎಂದರು ಅಜ್ಜಿ ಅವನಿಗೆ. “ಅಂಗ್ಡಿ ಬುಟ್ಟು ಬರಾಕಾಗ್ನಿಲ್ಲ ಅನ್ನು, ಬರ್ನಿಲ್ಲ ಅನ್ನು, ಮುಗೀತು. ಬಾರಪ್ಪ ಬರ್ನಿಲ್ಲ, ಮಗೀನ ತೊಟ್ಲಾದ್ರೂ ವಸಿ ತೂಗು ಬಾ.”

ಅವನನ್ನು ಮದುವೆಯಲ್ಲಿ ಕಂಡವರೂ ಸೇರಿ ಮನೆ ಮನೆಯೇ ನಕ್ಕಿತು. ಅಂದು ಅಲ್ಲಿ ಎರಡು ನಾಮಕರಣಗಳಾದವು. ಪುರೋಹಿತರಿದ್ದದ್ದು ಒಂದಕ್ಕೆ ಮಾತ್ರ. ವಾರದೊಳಗೆ ‘ಬರ್ನಿಲ್ಲ’ ನಾಗಮಂಗಲದ ಸಂತೆ ಮುಟ್ಟಿ, ಹೊಣಕೆರೆಗೂ ಹಬ್ಬಿತು. ಮೊಳೆ ಕೊಳ್ಳಲು ಬಂದವರು, “ಬರ್ನಿಲ್ಲ ಬಂದವ್ರಾ?” ಎಂದು ಅವನನ್ನೇ ಕೇಳುತ್ತಿದ್ದರಂತೆ.

ಕೊನೆಗೆ ಒಂದು ದಿನ ಅವನೇ ನನ್ನ ಸ್ಟುಡಿಯೋಗೆ ಬಂದು ಸ್ಟೂಲಿನ ಮೇಲೆ ಕೂತ. ಇಳಿದುಹೋಗಿದ್ದ.

“ಅಣ್ಣ, ನೀನು ಅಳಿಸ್ದೆ ಅಂತ ಆ ಸಾಬ್ರು ಏಳಿದ್ರು. ಬುಡು, ಆಗಿದ್ದಾಯ್ತು. ಮಾವನ ಮನೇಲಿ ಎಲ್ಲಾರ್ ಮುಂದೆ ನಿಂತ್ಕಂಡು, ರೀಲು ಕೆಡಿಸಿದ್ದು ನಾನೇ ಅಂತ ಏಳ್ತೀನಿ. ನೀನು, ನಾನು ಬಂದಿದ್ದೆ ಅಂತ ಏಳು. ಇಬ್ರುದೂ ಓಗ್ಲಿ.”

ಇಷ್ಟು ವರ್ಷ ನಾನು ಕಾದದ್ದು ಈ ಮಾತಿಗೇ. ನನ್ನ ಹೆಂಡತಿ ಗಿರಣಿಗೆ ತಲೆಯೆತ್ತಿ ಹೋಗಬಹುದಿತ್ತು. ಧಾರೆಗಳು ಮತ್ತೆ ನನ್ನನ್ನು ಕರೆಯಬಹುದಿತ್ತು. ಅಪ್ಪ ಇಟ್ಟ ಹೆಸರು ಬೋರ್ಡಿನಿಂದ ಕೆಳಗಿಳಿದು ನಾಲ್ಕು ಜನರ ಬಾಯಿಗೆ ಬರಬಹುದಿತ್ತು. ನಾನು ನ್ಯಾಯವಾಗಿ ಯೋಚಿಸಿದೆ. ಯೋಚಿಸುತ್ತಾ ಅವನ ಮುಖ ನೋಡಿದೆ. ನನ್ನದು ಹೋದರೆ ಅವನದೂ ಹೋಗುತ್ತದೆ ಎಂಬ ಒಂದೇ ಕಡೆ ಲೆಕ್ಕ ಎಡವುತ್ತಿತ್ತು.

“ಯೋಚನೆ ಮಾಡಿ ಹೇಳ್ತೀನಿ ತಮ್ಮ,” ಎಂದು ಕಾಫಿ ತರಿಸಿಕೊಟ್ಟೆ.

ಅವನು ಕುಡಿದು ಹೋದ. ಆಮೇಲೆ ಎರಡು ಮೂರು ಸಲ ಹೇಳಿಯೂ ಕಳಿಸಿದ. ನಾನು ಇನ್ನೂ ಯೋಚಿಸುತ್ತಿದ್ದೇನೆ.