ಮೂರನೇ ನಂಬರನ್ನು ಅಳಿಸಲು ಬಿಡದ ನನ್ನ ಸೊಸೆ

ನಾನು ಓದಿದ್ದು ಮೂರನೇ ಕ್ಲಾಸು. ಅಕ್ಷರ ಕೂಡಿಸಿ ಬರೆಯುವುದು ನಿಧಾನ. ಆದರೂ ಸೊಸೆಯ ವಿಷಯ ನಾನೇ ಬರೆಯಬೇಕು. ಬೇರೆಯವರಾದರೆ "ಕಂಪ್ಯೂಟರ್ ಕೆಲಸ" ಅಂತ ಎರಡು ಮಾತಿನಲ್ಲಿ ಮುಗಿಸಿಬಿಡುತ್ತಾರೆ.

ಅವಳ ಆಫೀಸು ಮೂರು ರಸ್ತೆ ಆಚೆ, ಎರಡನೇ ಮಹಡಿ, ಆರು ಮೇಜು. ಯಾರೋ ಎಂದೋ ಬರೆದಿಟ್ಟು ಹೋದ ಪ್ರೋಗ್ರಾಮುಗಳು ಲಕ್ಷಗಟ್ಟಲೆ ಸಾಲು ಇರುತ್ತವಂತೆ. ಅವುಗಳಲ್ಲಿ ಯಾವ ಹೆಸರು ಎಲ್ಲಿ ಹುಟ್ಟಿತು, ಯಾವುದು ಯಾವುದನ್ನು ಕರೆಯುತ್ತದೆ ಎಂದು ತೋರಿಸುವ ಸಾಧನಗಳು ಅಲ್ಲಿ ಮೂರಿವೆ. ಮೂರಕ್ಕೂ ಹುಡುಕಿಕೊಡುವುದು ಒಂದೇ ಫೈಲು. ಒಂಬತ್ತು ವರ್ಷದಿಂದ ಆ ಫೈಲನ್ನು ನೋಡಿಕೊಳ್ಳುವವಳು ನನ್ನ ಸೊಸೆ.

"ಮೂರಕ್ಕೂ ಒಂದೊಂದು ಮಾಡಿಕೊಟ್ರೆ ಆಗಲ್ವೇನೇ?" ಎಂದು ಕೇಳಿದ್ದೆ.

"ನಮ್ಮ ಸಾಲಿನಲ್ಲಿ ಎಂಟು ಮನೆ. ಏಣಿ ಎಷ್ಟು ಅತ್ತೆ?"

ಒಂದೇ. ನಮ್ಮವರು ಮಾಡಿಟ್ಟು ಹೋದದ್ದು. ನಮ್ಮ ಬಾಗಿಲ ಪಕ್ಕ ಒರಗಿಸಿರುತ್ತೇನೆ, ಬೇಕಾದವರು ಕೇಳಿ ಒಯ್ಯುತ್ತಾರೆ. ಅವಳ ಕೆಲಸ ನನಗೆ ಅವತ್ತು ಅರ್ಥವಾಯಿತು.

ಹೋದ ವರ್ಷ ಆ ಫೈಲನ್ನು ಹೊಸದಾಗಿ ಮಾಡಿದಳು. ಮೊದಲಿಗಿಂತ ಚುರುಕು. ಅದಕ್ಕೆ ನಾಲ್ಕನೇ ನಂಬರು ಕೊಟ್ಟು, ಮೂರನೇ ನಂಬರಿನ ಹಳೇ ಫೈಲನ್ನೂ ಪಕ್ಕದಲ್ಲೇ ಉಳಿಸಿಕೊಂಡಳು. ಹಳೇದನ್ನು ನೆಚ್ಚಿಕೊಂಡವರು ಒಬ್ಬರಿದ್ದರೂ ತೆಗೆಯಬಾರದು ಎಂಬುದು ಅವಳ ಪದ್ಧತಿ. ಅಷ್ಟರಲ್ಲಿ ಹೊಸ ಮ್ಯಾನೇಜರ್ ಬಂದರು.

"ಒಂದೇ ಕೆಲಸಕ್ಕೆ ಎರಡು ಫೈಲು ಯಾಕಮ್ಮ? ಮ್ಯೂಸಿಯಂ ನಡೆಸ್ತಿದ್ದೀರಾ?"

"ಹಳೇದನ್ನ ಯಾರಾದ್ರೂ ಬಳಸ್ತಿರಬಹುದು ಸರ್."

"ಯಾರು? ಶುಕ್ರವಾರದೊಳಗೆ ತೋರಿಸಿ. ಇಲ್ಲಾಂದ್ರೆ ಹಳೇದು ಅಳಿಸಿ, ಹೊಸದರ ಜವಾಬ್ದಾರಿನೂ ಬೇರೆಯವರಿಗೆ ಕೊಡ್ತೀನಿ."

ಬುಧವಾರ ಸಂಜೆ ಸಪ್ಪೆ ಮುಖ ಹೊತ್ತು ಮನೆಗೆ ಬಂದಳು.

"ಯಾರೂ ಇಲ್ಲ ಅತ್ತೆ. ಮೂರು ಸಾಧನಗಳೂ ಶುರುವಾಗುವಾಗ ನಾಲ್ಕನೇ ನಂಬರನ್ನೇ ಕೇಳ್ತವೆ."

"ಶುರುವಾಗುವಾಗ ತಾನೆ? ಕೊನೇ ಮನೆ ಟೈಲರ್ ಏಣಿ ಕೇಳೋದು ವರ್ಷಕ್ಕೊಂದು ಸಲ, ನೀರಿನ ತೊಟ್ಟಿ ತೊಳೆಯೋಕೆ. ಅವನಿಗೆ ಏಣಿ ಬೇಡ ಅಂತೀಯಾ?"

ಅವಳು ನನ್ನನ್ನೇ ನೋಡಿದಳು. ಆಮೇಲೆ ನಕ್ಕಳು. "ನಾಳೆ ನೀವೇ ಆಫೀಸಿಗೆ ಹೋಗಿ, ನಾನು ಪಾತ್ರೆ ತೊಳೀತೀನಿ."

ಗುರುವಾರ ಬೆಳಿಗ್ಗೆಯಿಂದ ಕೂತು ಆ ಸಾಧನಗಳ ಒಡಲನ್ನೇ ಓದಿದಳು, ಅದೂ ತನ್ನ ಫೈಲಿನ ಸಹಾಯದಿಂದಲೇ. ಹಳೇ ಫೈಲಿನ ಹೆಸರು ನಾನೂರ ಹನ್ನೆರಡು ಕಡೆ ಸಿಕ್ಕಿತು. ಒಂದನ್ನೂ ಬಿಡದೆ ನೋಡಿದಳು. ನಾನೂರ ಹನ್ನೊಂದು ಬರೀ ಹಳೇ ಟಿಪ್ಪಣಿ. ಒಂದು ಮಾತ್ರ ಜೀವಂತ ಸಾಲು. ಮೂರನೇ ಸಾಧನದಲ್ಲಿ ಕೊಟ್ಟಕೊನೆಯ ಗುಂಡಿ ಒತ್ತಿದರೆ ಇಡೀ ಪ್ರೋಗ್ರಾಮಿನ ನಕ್ಷೆ ಬರುತ್ತದೆ. ಆಗ ಮಾತ್ರ ಅದು ಮೂರನೇ ನಂಬರನ್ನು ಕೇಳುತ್ತದೆ. ಆ ಗುಂಡಿ ಒತ್ತುವವರು ಈ ಸಾಧನವನ್ನು ಕೊಂಡ, ಲಿಫ್ಟ್ ತಯಾರಿಸುವ ಒಂದು ಕಂಪನಿಯವರು, ವರ್ಷಕ್ಕೊಮ್ಮೆ, ತಮ್ಮ ಲಿಫ್ಟಿನ ಪ್ರೋಗ್ರಾಮಿನ ತಪಾಸಣೆಗೆ ಮೊದಲು. ತಪಾಸಣೆ ಮುಂದಿನ ತಿಂಗಳೇ ಇತ್ತು.

ಶುಕ್ರವಾರ ಹಳೇ ಫೈಲನ್ನು ಪಕ್ಕಕ್ಕೆ ಸರಿಸಿಟ್ಟು, "ನೀವೇ ಒತ್ತಿ ಸರ್" ಎಂದಳಂತೆ. ಮ್ಯಾನೇಜರ್ ಒತ್ತಿದರು. ಸಾಧನ ಪಟ್ಟನೆ ಮುಚ್ಚಿಕೊಂಡಿತು. ಫೈಲನ್ನು ಮತ್ತೆ ಅದರ ಜಾಗಕ್ಕೆ ಇಟ್ಟು, "ಈಗ ಒತ್ತಿ" ಎಂದಳು. ಪರದೆ ತುಂಬ ನಕ್ಷೆ ಹರಡಿತು. ಅವರು ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡರಂತೆ.

"ಎರಡೂ ನಿಮ್ಮ ಹತ್ರಾನೇ ಇರಲಿ ಅಮ್ಮ."

ಮೂರು ತಿಂಗಳಲ್ಲಿ ಆ ಒಂದು ಸಾಲನ್ನೂ ನಾಲ್ಕನೇ ನಂಬರಿಗೆ ತಿರುಗಿಸಿದಳು. ಲಿಫ್ಟಿನವರು ಪರೀಕ್ಷೆ ಮಾಡಿ ಸರಿಯಿದೆ ಎಂದ ಮೇಲೆ, ಮೂರನೇ ನಂಬರನ್ನು ತನ್ನ ಕೈಯಾರೆ ಅಳಿಸಿದಳು. ಈಗ ಆ ಆಫೀಸಿನಲ್ಲಿ ಯಾರೂ ಅವಳನ್ನು ಕೇಳದೆ ಒಂದು ಫೈಲೂ ಅಳಿಸುವುದಿಲ್ಲ.

ಮೊನ್ನೆ ಟೈಲರ್ ಏಣಿಗೆ ಬಂದವನು, "ನಿಮ್ಮ ಸೊಸೆ ಏನು ಕೆಲಸ ಮಾಡ್ತಾರಮ್ಮ?" ಎಂದು ಬಾಯಿಮಾತಿಗೆ ಕೇಳಿದ. ಕೂರಿಸಿಕೊಂಡು ಇಷ್ಟನ್ನೂ ಹೇಳಿದೆ. ಎರಡು ಸಲ ಎದ್ದ, ಎರಡು ಸಲವೂ ಕೂರಿಸಿದೆ. ಪೂರ್ತಿ ಕೇಳಿದ ಮೇಲೇ ಏಣಿ ಕೊಟ್ಟೆ.